ಗೋಪಾಳ ಗಣೇಶ ಆಗರಕರರು

ಕರಹಾಡದ ಸಮೀಪದಲ್ಲಿರುವ ಟೆಂಭೂ ಗ್ರಾಮದ ಬಡ ಮನೆತನವೊಂದರಲ್ಲಿ 1856ರಲ್ಲಿ ಆಗರಕರರು ಜನ್ಮತಾಳಿದರು. ಪುಣೆಯ ಡೆಕ್ಕನ್ ಕಾಲೇಜಿನಲ್ಲಿ ಬಾಳ ಗಂಗಾಧರ ಟಿಳಕರ ಸ್ನೇಹವಾಗಲು, ಸರಕಾರೀ ಚಾಕರಿಯ ಆಸೆಯನ್ನು ತೊರೆದು ಇಬ್ಬರೂ ವಿದ್ಯಾದಾನಕ್ಕೆ ಕಂಕಣಬದ್ಧರಾದರು. 1881ರಲ್ಲಿ ‘ಕೇಸರಿ’ಯು ಹುಟ್ಟಿದಾಗ ಅದರ ಸಂಪಾದಕತ್ವವು ಆಗರಕರರಿಗೂ, ‘ಮರಾಠಾ’ದ್ದು ಟಿಳಕರಿಗೂ ಬಂದಿತು.

ಆ ಕಾಲಕ್ಕೆ ಕೊಲ್ಲಾಪುರದ ತರುಣ ಮಹಾರಾಜರಿಗೆ ಬುದ್ಧಿಭ್ರಮೆಯೆಂದು ಹೆಸರಿಟ್ಟು ಹಿಂಸಿಸುತ್ತಿರುವರೆಂಬ ವಾರ್ತೆಯು ಹಬ್ಬಿದ್ದಿತು. ದಿವಾಣ ಮಾಧವರಾವ ಬರ್ವೆಯವರವೆನ್ನಲಾದ ಕೆಲವು ಪತ್ರಗಳನ್ನು ನಂಬಿ ಎರಡೂ ಪತ್ರಿಕೆಗಳು ಅವರ ಮೇಲೆ ದೋಷ ಹೊರಿಸಿದುವು. ಬರ್ವೆಯವರು ಮಾನಹಾನಿಯ ಫೌಜದಾರಿ ಖಟ್ಲೆ ಹೂಡಿದರು. ಪತ್ರಗಳು ಖೋಟಾ ಎಂದು ತಿಳಿದೊಡನೆ ಸಂಪಾದಕರು ಕ್ಷಮೆ ಬೇಡಿದರು; ಖಟ್ಲೆಯು ನಿಲ್ಲಲಿಲ್ಲ. ಅನಾಥನಂತಿದ್ದ ಅರಸನ ಮೇಲಣ ಕರುಣೆಯು ಸುಳ್ಳುಪತ್ರವನ್ನು ನಿಜ ಮಾಡಲಾರದು, ನಿಜವೇ. ಆದರೆ ತಪ್ಪೊಪ್ಪಿದ ಲೇಖನಿಗೂ ಕಳ್ಳನಿಗೂ ಒಂದೇ ಸೆರೆಮನೆಯೇ? 1882ರ ಜುಲೈಯಲ್ಲಿ ಇಬ್ಬರಿಗೂ ನಾಲ್ಕು ತಿಂಗಳ ಸಾದಾ ಸಜೆಯಾಯಿತು.

ಮುಂಬಯಿಯ ಡೋಂಗರಿ ತುರಂಗದಲ್ಲಿ 101 ದಿನ ಕಳೆದರು. ಕಿರುಕೋಣೆಯಲ್ಲಿ ದೇಶದ ಹಾಗೂ ಸಮಾಜದ ಚಿಂತೆಯು ಇರುಳೆಲ್ಲ ವಾದವಾಗಿ ಬೆಳೆಯುತ್ತಿದ್ದಿತು. ಬಿಡುಗಡೆಯಾದಾಗ ಜನರು ಆದರದಿಂದ ಎದುರುಗೊಂಡರು. ಆ ದಿನಗಳ ಕಥೆಯನ್ನು ಆಗರಕರರು ಗ್ರಂಥವಾಗಿಯೇ ಬರೆದಿಟ್ಟರು.

ಸಜೆಯು ಅವರ ಲೇಖನಿಯನ್ನು ಮೊಂಡುಮಾಡಲಿಲ್ಲ. ಸಮಾಜಸುಧಾರಣೆಯ ವಿಷಯದಲ್ಲಿ ಟಿಳಕರೊಡನೆ ಮತಭೇದ ಬಂದಾಗ ‘ಕೇಸರಿ’ಯನ್ನು ಬಿಟ್ಟು, 1888ರಲ್ಲಿ ‘ಸುಧಾರಕ’ವನ್ನು ಹೊರಡಿಸಿದರು. ಬಾಲವಿವಾಹವನ್ನೂ ವಿಧವೆಯರ ಕೇಶವಪನವನ್ನೂ ಖಂಡಿಸಿದುದಕ್ಕಾಗಿ ಸ್ವಜನರೇ ಅವರ ಪ್ರತಿಕೃತಿಗೆ ಶವಯಾತ್ರೆ ಮಾಡಿದರು. ಬರೆಯುವುದನ್ನು ಅವರು ನಿಲ್ಲಿಸಲಿಲ್ಲ. ಫರ್ಗ್ಯುಸನ್ ಕಾಲೇಜಿನ ಪ್ರಾಚಾರ್ಯರಾಗಿದ್ದಾಗಲೇ, ಬಹುಕಾಲ ಕಾಡಿದ ಉಬ್ಬಸದಿಂದ ಬಳಲಿ, 1895ರ ಜೂನ್‌ನಲ್ಲಿ ತೀರಿಕೊಂಡರು.