ಠಾಣೆದಾರ ತಿಮ್ಮೋಜ

ಶರಾವತಿಯು ಘಟ್ಟವನ್ನಿಳಿದು, ಗೇರುಸೊಪ್ಪೆಯ ಮಗ್ಗುಲಲ್ಲಿ ಹಾದು, ಹೊನ್ನಾವರದ ಅಳಿವೆಯಲ್ಲಿ ಕಡಲನ್ನು ಸೇರುತ್ತದೆ. ಅದರ ತೆಂಕಣಕ್ಕೆ ಭಟ್ಕಳ; ಬಡಗಣಕ್ಕೆ ಕುಮಟೆಯ ಸೀಮೆಗೆ ಸೇರಿದ ಮಿರ್ಜಾನ. ಐದುನೂರು ವರ್ಷಗಳ ಹಿಂದೆ ವಿಜಯನಗರದ ಸಿರಿಯೂ ಬಲವೂ ಈ ಬಂದರಗಳನ್ನು ಬಹಳವಾಗಿ ನೆಮ್ಮಿಕೊಂಡಿದ್ದುವು. ಹೊರ್ಮುಜಿನಿಂದ ಬಂದ ಕುದುರೆಗಳು ಭಟ್ಕಳದಲ್ಲಿ ಇಳಿದು ಘಟ್ಟವನ್ನು ಹತ್ತುತ್ತಿದ್ದುವು. ಅಕ್ಕಿ, ಸಕ್ಕರೆ, ಕಬ್ಬಿಣ, ಮೆಣಸುಗಳು ಘಟ್ಟವನ್ನಿಳಿದು ಹಡಗನ್ನೇರುತ್ತಿದ್ದುವು. ಈ ಕಡಲ ಹಾದಿಯಲ್ಲಿ ಕಾವಲನ್ನೂ ಸುಲಿಗೆಯನ್ನೂ ಒಂದೇ ಕೈಯಿಂದ ನಡೆಸಿ, ಕಡೆಗೆ ಗೋವೆಯ ನೆಲದಲ್ಲಿ ಠಾಣೆದಾರನಾಗಿ ಅಧಿಕಾರ ಹೊಂದಿ, ಆ ಅಧಿಕಾರವನ್ನು ಕಳೆದುಕೊಂಡು ಪರಸ್ಥಳದಲ್ಲಿ ಮಡಿದವನು ಹೊನ್ನಾವರದ ತಿಮ್ಮೋಜ.

ಪೋರ್ತುಗೀಜರು ಅವನನ್ನು ತಿಮೋಜಾ ಎಂದು ಬರೆದರು. ನಮ್ಮಲ್ಲಿ ಕೆಲವರು ಅವನನ್ನು ತಿಮ್ಮಯ್ಯನೆಂದೂ ಕರೆಯುವುದುಂಟು. ಅವನ ಜೀವನವೃತ್ತಾಂತವು ನಮಗೆ ದೊರೆತಿರುವುದು ಬಹುಮಟ್ಟಿಗೆ ಆ ಪರದೇಶೀಯರ ಬರಹಗಳಿಂದಲೇ. ತಮಗೆ ಎದುರಾದಾಗ ಅವರು ಅವನನ್ನು ಕಡಲುಗಳ್ಳನೆಂದರು, ನೆರವಾದಾಗ ಮಿತ್ರನೆಂದರು, ಬೇಡವಾದಾಗ ಅಹಂಕಾರಿಯೆಂದರು. ಆದುದರಿಂದ ಅವನನ್ನು ತಿಳಿಯಬೇಕಾದರೆ ಮೊದಲು ಅವನ ಕಾಲದ ಅಧಿಕಾರವೆಂಬುದು ಹೇಗಿತ್ತೆಂಬುದನ್ನು ತಿಳಿಯಬೇಕು.

ಅಂದಿನ ಊರಿನಲ್ಲಿ ಗೌಡನಿದ್ದನು, ಲೆಕ್ಕವನ್ನು ಬರೆಯುವ ಸೇನಬೋವನಿದ್ದನು, ಕಾವಲಿಗೆ ತಳವಾರನಿದ್ದನು. ಹೊಲದ ಹುಟ್ಟುವಳಿಗೆ ಸಿದ್ಧಾಯವಿತ್ತು. ಸರಕು ಹಾದುಹೋಗುವ ದಾರಿಯಲ್ಲಿ ಸುಂಕವಿತ್ತು. ಸುಂಕವನ್ನು ಎತ್ತುವ ಹಕ್ಕನ್ನು ಗುತ್ತಿಗೆಗೆ ಕೊಡುವುದು ವಾಡಿಕೆ. ಗುತ್ತಿಗೆ ಹಿಡಿದವನು ಅರಮನೆಗೆ ಗೊತ್ತಾದ ಹಣವನ್ನು ಸಲ್ಲಿಸಬೇಕು, ಮಿಕ್ಕದ್ದು ಅವನದು. ದಾರಿಯಲ್ಲಿ ಕಳವಾಗದಂತೆ ನೋಡಿಕೊಳ್ಳುವ ಹೊಣೆಯೂ ಅನೇಕ ವೇಳೆ ವಸೂಲಿಯ ಹಕ್ಕಿಗೇ ಅಂಟಿಕೊಂಡಿರುತ್ತಿತ್ತು. 1443ರಲ್ಲಿ ವಿಜಯನಗರವನ್ನು ಕಂಡ ಪಾರಸಿಕ ರಾಯಭಾರಿ ಅಬ್ದುರ್ ರಜಾಕನು ಅಲ್ಲಿನ ನಗರಪಾಲಕನ ಕೈಕೆಳಗೆ ಹನ್ನೆರಡು ಸಾವಿರ ಕಾವಲುಗಾರರಿದ್ದರೆಂದೂ, ಅವರ ಸಂಬಳವು ವೇಶ್ಯಾವಾಟಿಕೆಯ ತೆರಿಗೆಯಿಂದ ಸಲ್ಲುತ್ತಿತ್ತೆಂದೂ ಬರೆದಿಟ್ಟಿದ್ದಾನೆ. ಆತನು 1444ರಲ್ಲಿ ಸ್ವದೇಶಕ್ಕೆ ಮರಳಲು ಹಡಗನ್ನೇರಿದುದು ನಮ್ಮ ಹೊನ್ನಾವರದಲ್ಲಿಯೇ. ಕಾಯುವವನೂ ವಸೂಲು ಮಾಡುವವನೂ ಬೇರೆ ಬೇರೆಯಾಗಿರಬೇಕೆಂಬ ಭಾವನೆಯು ಆ ಕಾಲದ್ದಲ್ಲ.

ನೆಲದ ಮೇಲಿದ್ದ ಈ ಪದ್ಧತಿಯೇ ನೀರಿನ ಮೇಲೂ ನಡೆಯುತ್ತಿತ್ತು. ಹದಿನಾರನೆಯ ಶತಮಾನದ ಆದಿಭಾಗದಲ್ಲಿ ಈ ಕರಾವಳಿಯನ್ನು ವರ್ಣಿಸಿದ ದುವಾರ್ತೆ ಬಾರ್ಬೋಸನು, ಹೊನ್ನಾವರದ ಹೊಳೆಯಲ್ಲಿ ತಿಮ್ಮೋಜ ಮತ್ತು ರಾವಜಿ ಎಂಬ ಇಬ್ಬರು ಕಡಲ ನಾಯಕರು ಹಿಂದೆ ಇದ್ದರೆಂದೂ, ಇಬ್ಬರಿಗೂ ತಲಾ ಐದಾರು ದೊಡ್ಡ ಹಡಗುಗಳಿದ್ದುವೆಂದೂ, ಆ ನಾಡಿನ ಒಡೆಯನ ಆಶ್ರಯ ಅವರಿಗಿತ್ತೆಂದೂ ತಿಳಿಸುತ್ತಾನೆ. ಅದೇ ಸುಮಾರಿನಲ್ಲಿ ಬಂದ ಇಟಲಿಯ ಯಾತ್ರಿಕ ವರ್ತೇಮನು ಹೊನ್ನಾವರದ ಅರಸನು ವಿಜಯನಗರದ ಮಾಂಡಲಿಕನೆಂದೂ, ಅವನ ಏಳೆಂಟು ಹಡಗುಗಳು ಸದಾ ಕಡಲಿನಲ್ಲಿ ಸುತ್ತುತ್ತಿರುತ್ತವೆಂದೂ ಹೇಳುತ್ತಾನೆ. ಇವೆರಡನ್ನೂ ಕೂಡಿಸಿ ನೋಡಿದರೆ ತಿಮ್ಮೋಜನು ಬರಿಯ ಕಳ್ಳನಲ್ಲ, ಒಬ್ಬ ಅರಸನ ನೆರಳಿನಲ್ಲಿ ದುಡಿಯುತ್ತಿದ್ದ ಕಡಲ ಸುಂಕಿಗನೆಂಬುದು ಸ್ಪಷ್ಟವಾಗುತ್ತದೆ. ಯಾರ ಹಡಗು ಒಡೆಯನ ಬಂದರಕ್ಕೆ ಬರುವುದೋ ಅದಕ್ಕೆ ರಕ್ಷಣೆ. ಯಾರದು ಹಗೆಯ ಬಂದರಕ್ಕೆ ಹೋಗುವುದೋ ಅದಕ್ಕೆ ಸುಲಿಗೆ.

ಆ ಹಗೆಯ ಬಂದರವೇ ಗೋವೆ. ಒಂದು ಕಾಲಕ್ಕೆ ವಿಜಯನಗರಕ್ಕೆ ಸೇರಿದ್ದ ಗೋವೆಯನ್ನು 1472ರಲ್ಲಿ ಬಹಮನಿ ಮಂತ್ರಿ ಮಹಮೂದ್ ಗವಾನನು ಗೆದ್ದುಕೊಂಡಿದ್ದನು. ಬಹಮನಿ ರಾಜ್ಯವು ಒಡೆದಾಗ ಅದು ವಿಜಾಪುರದ ಆದಿಲಶಾಹಿಗಳ ಪಾಲಿಗೆ ಬಂದಿತು. ಕುದುರೆಯ ವ್ಯಾಪಾರಕ್ಕಾಗಿ ಭಟ್ಕಳಕ್ಕೂ ಗೋವೆಗೂ ಪೈಪೋಟಿಯೇರ್ಪಟ್ಟಿತು. ತಿಮ್ಮೋಜನು ಮೂಲತಃ ಗೋವೆಯವನೇ. ವಿಜಾಪುರದ ಆಳ್ವಿಕೆಗೆ ಒಳಗಾಗಲೊಲ್ಲದೆ ಹೊನ್ನಾವರಕ್ಕೆ ಬಂದು ನಿಂತವನು ಎಂಬ ಮಾತಿದೆ. ಹಾಗಿದ್ದಲ್ಲಿ, ಗೋವೆಯ ಹಡಗುಗಳನ್ನು ಅಡ್ಡಗಟ್ಟುವುದು ಅವನಿಗೆ ಒಡೆಯನ ಕೆಲಸ ಹೇಗೋ ಹಾಗೆ ಸ್ವಂತದ ಹಗೆಯೂ ಆಗಿತ್ತು. ಹೊನ್ನಾವರದಿಂದ ಗೋವೆಯ ಮೇಲೆ ಏರಿಹೋಗುವುದು ಹೊಸ ಸಂಗತಿಯೂ ಆಗಿರಲಿಲ್ಲ. ಅವನಿಗಿಂತ ಒಂದೂವರೆ ಶತಮಾನಕ್ಕೂ ಹಿಂದೆ, ಇಬ್ನ್ ಬತೂತನು ಇಲ್ಲಿದ್ದ ಕಾಲದಲ್ಲಿ, ಹೊನ್ನಾವರದ ಸುಲ್ತಾನ ಜಮಾಲುದ್ದೀನನು 52 ಹಡಗುಗಳೊಡನೆ ಹೋಗಿ ಗೋವೆಯನ್ನು ಹಿಡಿದಿದ್ದನು.

ತಿಮ್ಮೋಜನು ಪೋರ್ತುಗೀಜರಿಗೆ ಮೊದಲು ಕಂಡುದು ಶತ್ರುವಾಗಿಯೇ. 1498ರಲ್ಲಿ ವಾಸ್ಕೋ ಡ ಗಾಮನು ಕಲ್ಲಿಕೋಟೆಯಿಂದ ಮರಳುತ್ತ ಅಂಜದೀವ ದ್ವೀಪದಲ್ಲಿ ಹಡಗುಗಳನ್ನು ನಿಲ್ಲಿಸಿದ್ದನು. ಆಗ ಎಂಟು ದೋಣಿಗಳನ್ನು ಒಂದಕ್ಕೊಂದು ಬಿಗಿದು, ಮೇಲೆ ಹಸಿರು ಕೊಂಬೆಗಳನ್ನು ಹೊದಿಸಿ, ತೇಲುವ ತೆಪ್ಪದಂತೆ ತೋರುವಂತೆ ಮಾಡಿ ತಿಮ್ಮೋಜನು ಅವನ ಮೇಲೆ ಸಾಗಿಬಂದನೆಂದು ಅವರ ಇತಿಹಾಸಕಾರರು ಹೇಳುತ್ತಾರೆ. ಗಾಮನಿಗೆ ಶಂಕೆ ಬಂದಿತು, ಫಿರಂಗಿಗಳು ಹಾರಿದುವು, ತೆಪ್ಪವು ದೋಣಿಗಳಾಗಿ ಚದರಿಹೋಯಿತು. ಫಿರಂಗಿಯ ಮುಂದೆ ತನ್ನ ಕಡಲ ವಿದ್ಯೆ ನಡೆಯದೆಂಬುದನ್ನು ಅವನು ಅಂದೇ ಅರಿತಿರಬೇಕು.

1505ರ ಅಕ್ಟೋಬರಿನಲ್ಲಿ ವೈಸರಾಯ್ ಆಲ್ಮೇದನು ಹೊನ್ನಾವರದ ಅಳಿವೆಯನ್ನು ಹೊಕ್ಕು ಅಲ್ಲಿದ್ದ ಹಡಗುಗಳಿಗೆ ಬೆಂಕಿಯಿಕ್ಕಿದನು. ಕಾದಾಟದಲ್ಲಿ ಅವನಿಗೂ ಬಾಣದ ಗಾಯವಾಯಿತು. ಆ ಹೊಗೆಯು ಆರುವ ಮೊದಲೇ ಹೊನ್ನಾವರದ ಅರಸನ ಪರವಾಗಿ ಸಂಧಿಯ ಮಾತನ್ನಾಡಲು ಬಂದವನು ತಿಮ್ಮೋಜ. ಹಡಗುಗಳನ್ನು ಕಳೆದುಕೊಂಡವರ ನಾಯಕನೇ ಸುಟ್ಟವರೊಡನೆ ಕೂತು ಒಪ್ಪಂದ ಮಾಡಿದನು. ಇದನ್ನು ಹೇಡಿತನವೆನ್ನಲಾಗದು. ಕಡಲಿನ ಒಡೆತನ ಕೈಬದಲಾಗುತ್ತಿರುವುದನ್ನು ಕಂಡು, ಹೊಸ ಒಡೆಯರ ಬಳಿ ತನ್ನ ಸ್ಥಾನವನ್ನು ಉಳಿಸಿಕೊಳ್ಳಲು ಹವಣಿಸಿದ ಸುಂಕಿಗನ ವಿವೇಕವದು. ಅಂದಿನಿಂದ ಅವನು ಅವರಿಗೆ ಸುದ್ದಿಯನ್ನೂ ಸಾಮಗ್ರಿಯನ್ನೂ ಒದಗಿಸುವವನಾದನು.

ಅವನ ಬದುಕಿನ ದೊಡ್ಡ ಗಳಿಗೆ ಬಂದುದು 1510ರಲ್ಲಿ. ಆ ವರ್ಷದ ಆರಂಭದಲ್ಲಿ ಅಲ್ಬುಕರ್ಕನು 23 ಹಡಗುಗಳ ಪಡೆಯೊಡನೆ ಬಡಗಣಕ್ಕೆ ಹೊರಟಿದ್ದನು. ಅವನ ಲಕ್ಷ್ಯವಿದ್ದುದು ಅರಬರ ಕಡಲಿನ ಮೇಲೆ. ಹೊನ್ನಾವರದ ಸಮೀಪದಲ್ಲಿ ಅವನನ್ನು ಕಂಡ ತಿಮ್ಮೋಜನು ಬೇರೊಂದು ದಾರಿಯನ್ನು ತೋರಿಸಿದನು. ವಿಜಾಪುರದ ಯೂಸುಫ್ ಆದಿಲಶಾಹ ಕಾಲವಾದನೆಂಬ ಸುದ್ದಿಯಿದೆ, ಮಗ ಇಸ್ಮಾಯಿಲನು ಇನ್ನೂ ಎಳೆಯನು, ಗೋವೆಯ ಕಾವಲು ಸಡಿಲವಾಗಿದೆ, ತೆರಿಗೆಯ ಭಾರದಿಂದ ಜನ ಬೇಸತ್ತಿದ್ದಾರೆ ಎಂಬುದು ಅವನ ಸಲಹೆಯ ಸಾರಾಂಶ. ಅಲ್ಬುಕರ್ಕನು ಹಡಗುಗಳ ಮುಖವನ್ನು ಗೋವೆಯತ್ತ ತಿರುಗಿಸಿದನು. ಪಣಜಿಯ ಕೋಟೆಯ ಮೇಲೆ ಪೋರ್ತುಗೀಜರು ಬಿದ್ದರು. ಹೊಳೆಯ ಆಚೆ ದಡದ ಬಾರ್ದೇಶದ ಕಾವಲನ್ನು ತಿಮ್ಮೋಜನ ಜನ ಮುರಿದರು. ಫೆಬ್ರವರಿಯಲ್ಲಿ ನಗರವು ಹೆಚ್ಚಿನ ಹೋರಾಟವಿಲ್ಲದೆಯೇ ಶರಣಾಯಿತು.

ತಿಮ್ಮೋಜನು ಬಯಸಿದ್ದೇನು? ಗೋವೆಯನ್ನು ಗೆದ್ದುಕೊಟ್ಟವನಿಗೆ ಗೋವೆಯನ್ನೇ ಬಿಟ್ಟುಕೊಡುವರು, ತಾನು ವರ್ಷಕ್ಕಿಷ್ಟು ಕಪ್ಪವನ್ನು ಸಲ್ಲಿಸಿ ಅದನ್ನು ಆಳುವೆನು ಎಂಬುದೇ ಅವನ ಎಣಿಕೆಯಾಗಿತ್ತು. ಅವನು ಬೆಳೆದ ಲೋಕದಲ್ಲಿ ಇದು ಅನುಚಿತವಾದ ಆಸೆಯಲ್ಲ. ಹೊನ್ನಾವರ, ಭಟ್ಕಳಗಳ ಒಡೆಯರೂ ವಿಜಯನಗರಕ್ಕೆ ಕಪ್ಪವನ್ನು ಕೊಟ್ಟು ಹಾಗೆಯೇ ಆಳುತ್ತಿದ್ದರು. ಆದರೆ ಅಲ್ಬುಕರ್ಕನದು ಬೇರೆಯ ಲೆಕ್ಕ. ಅವನಿಗೆ ಬೇಕಾಗಿದ್ದುದು ಕಪ್ಪವಲ್ಲ, ನೆಲ. ಗೋವೆಯು ತನ್ನ ದೊರೆಯ ಸ್ವತ್ತಾಗಬೇಕು, ಕೋಟೆಯಲ್ಲಿ ತನ್ನ ಜನರೇ ಇರಬೇಕು ಎಂದು ಅವನು ನಿಶ್ಚಯಿಸಿದ್ದನು. ನಗರವನ್ನು ತನ್ನ ಬಳಿಯೇ ಇಟ್ಟುಕೊಂಡು, ಹೊರಗಿನ ಸೀಮೆಗಳ ವಸೂಲಿಯನ್ನೂ ಹಿಂದೂ ಪ್ರಜೆಗಳ ಮೇಲಿನ ಅಧಿಕಾರವನ್ನೂ ತಿಮ್ಮೋಜನಿಗೆ ಒಪ್ಪಿಸಿದನು. ಹೀಗೆ ಅರಸನಾಗಬಯಸಿದವನು ಮುಖ್ಯ ಠಾಣೆದಾರನಾದನು.

ಠಾಣೆದಾರನೆಂಬ ಹೆಸರನ್ನು ಪೋರ್ತುಗೀಜರು ತಂದುದಲ್ಲ. ಅವರಿಗಿಂತ ಮೊದಲೇ ಅದು ಈ ನೆಲದಲ್ಲಿತ್ತು. ಠಾಣೆಯೆಂದರೆ ಪೇದೆಗಳು ಬೀಡುಬಿಟ್ಟ ಎಡೆ. ಅದರ ಒಡೆಯನು ಸುತ್ತಲಿನ ಹಳ್ಳಿಗಳ ತೆರಿಗೆಯನ್ನು ಕೂಡಿಸಬೇಕು, ಕಳ್ಳರನ್ನು ಹಿಡಿಯಬೇಕು, ಚಿಕ್ಕಪುಟ್ಟ ವ್ಯಾಜ್ಯಗಳನ್ನು ತೀರಿಸಬೇಕು. ಹೊಸಬರು ಹೆಸರನ್ನೂ ಪದ್ಧತಿಯನ್ನೂ ಹಾಗೆಯೇ ಉಳಿಸಿಕೊಂಡರು. ಅವರಿಗೆ ಈ ನಾಡಿನ ಭಾಷೆ ಬಾರದು, ಗದ್ದೆಯ ಅಳತೆ ತಿಳಿಯದು, ಯಾವ ಹಳ್ಳಿಯ ಗಾಂವಕಾರರು ಎಷ್ಟು ಕೊಡಬೇಕೆಂಬುದು ಗೊತ್ತಿಲ್ಲ. ವಿಜಾಪುರದವರ ಕಾಲದಲ್ಲಿ ಏರಿದ್ದ ತೆರಿಗೆಯನ್ನು ಇಳಿಸುವುದಾಗಿ ಅಲ್ಬುಕರ್ಕನು ಜನರಿಗೆ ಮಾತುಕೊಟ್ಟನು. ಆ ಮಾತನ್ನು ಹಳ್ಳಿಹಳ್ಳಿಗೆ ಒಯ್ಯುವವನೂ, ಇಳಿಸಿದ ತೆರಿಗೆಯನ್ನಾದರೂ ತಪ್ಪದೆ ತರುವವನೂ ಬೇಕಾಗಿದ್ದನು. ವ್ಯಾಪಾರಕ್ಕೆ ನಾಣ್ಯದ ಕೊರತೆಯಾದಾಗ ನಗರದ ಹಿರಿಯರೊಡನೆ ಹೋಗಿ ಟಂಕಸಾಲೆಯನ್ನು ತೆರೆಯಬೇಕೆಂದು ಕೇಳಿದವನೂ ತಿಮ್ಮೋಜನೇ. 1510ರ ಮಾರ್ಚಿನಲ್ಲಿ ಗೋವೆಯಲ್ಲಿ ಪೋರ್ತುಗೀಜ್ ನಾಣ್ಯಗಳು ಅಚ್ಚಾದುವು.

ಈ ಅಧಿಕಾರವು ಎರಡು ತಿಂಗಳೂ ನಿರಾತಂಕವಾಗಿ ನಡೆಯಲಿಲ್ಲ. ಮೇ ತಿಂಗಳಲ್ಲಿ ವಿಜಾಪುರದ ದೊಡ್ಡ ಸೈನ್ಯವು ಬಂದಿತು. ಪೋರ್ತುಗೀಜರು ನಗರವನ್ನು ಬಿಟ್ಟು ಹಡಗುಗಳನ್ನು ಸೇರಿದರು. ಮಳೆಗಾಲದ ಕಡಲು ಹೊರಗೆ ಹೋಗಗೊಡದೆ, ಹಸಿವಿನಿಂದ ನರಳುತ್ತ, ಆಗಸ್ಟಿನವರೆಗೆ ಅವರು ಮಾಂಡೋವಿಯಲ್ಲಿಯೇ ಸಿಲುಕಿದ್ದರು. ಹೊರಬಿದ್ದ ಮೇಲೆ ಅಲ್ಬುಕರ್ಕನು ಹೊನ್ನಾವರದಲ್ಲಿ ಮತ್ತೆ ತಿಮ್ಮೋಜನ ನೆರವನ್ನು ಕೋರಿದನು. ಆ ಸಮಯಕ್ಕೆ ಗೇರುಸೊಪ್ಪೆಯ ರಾಣಿಯ ಮಗಳೊಡನೆ ತಿಮ್ಮೋಜನ ವಿವಾಹವು ನಡೆಯುವುದರಲ್ಲಿತ್ತೆಂದು ಪೋರ್ತುಗೀಜರ ಬರಹಗಳು ಹೇಳುತ್ತವೆ. ಕಡಲ ನಾಯಕನೊಬ್ಬನಿಗೆ ಅರಸುಮನೆಯ ಹೆಣ್ಣು ದೊರೆತುದು ಅವನ ಏಳಿಗೆಯ ಶಿಖರವೆನ್ನಬೇಕು.

1510ರ ನವೆಂಬರ್ 25ರಂದು ಗೋವೆಯು ಎರಡನೆಯ ಬಾರಿ ಬಿದ್ದಿತು. ಅಲ್ಬುಕರ್ಕನು ತಿಮ್ಮೋಜನ ಪಡೆಗಾಗಿ ಕಾಯಲಿಲ್ಲ. ನಗರದ ಮುಸಲ್ಮಾನರನ್ನು ಹೆಂಗಸರು ಮಕ್ಕಳೆನ್ನದೆ ಕೊಲ್ಲಿಸಿದನು. ಸತ್ತವರು ಸುಮಾರು ಆರು ಸಾವಿರವೆಂದು ಅವನೇ ತನ್ನ ದೊರೆಗೆ ಬರೆದು ತಿಳಿಸಿದನು. ಫೆಬ್ರವರಿಯಲ್ಲಿ ತಿಮ್ಮೋಜನು ತೋರಿಸಿಕೊಟ್ಟ ದಾರಿಯು ನವೆಂಬರಿನಲ್ಲಿ ಇಲ್ಲಿಗೆ ಬಂದು ಮುಟ್ಟಿತು. ಆ ಹತ್ಯೆಯು ಅವನ ಕೈಯಿಂದಾದುದಲ್ಲ. ಆದರೆ ಆ ದಾರಿಗೆ ಮೊದಲ ದೀಪ ಹಿಡಿದವನು ಅವನೆಂಬುದನ್ನು ಮರೆಯುವಂತಿಲ್ಲ.

ಗೆಲವಿಗೆ ಅನಿವಾರ್ಯನಾಗಿದ್ದವನು ಗೆಲವಿನ ಅನಂತರ ಅನಿವಾರ್ಯನಾಗಿ ಉಳಿಯಲಿಲ್ಲ. ಅವನ ನಡತೆಯ ಮೇಲೆ ದೂರುಗಳು ಬಂದುವು. ಅವನ ಅಧಿಕಾರವು ಪ್ರಜೆಗಳಿಗೆ ಹಿಡಿಸಲಿಲ್ಲ. ಹೊನ್ನಾವರದ ರಾಜಮನೆತನದ ಮಲ್ಹಾರರಾಯನಿಗೆ ಹೊರಸೀಮೆಗಳ ವಸೂಲಿಯ ಗುತ್ತಿಗೆಯು ದೊರೆಯಿತು. ತನ್ನ ಒಡೆಯನ ಮನೆಯವನೇ ತನ್ನ ಜಾಗಕ್ಕೆ ಬಂದುದನ್ನು ತಿಮ್ಮೋಜನು ನೋಡಬೇಕಾಯಿತು. ಕಪ್ಪ ಕೊಡುವ ಮಾಂಡಲಿಕನನ್ನು ಕೀಳಬೇಕಾದರೆ ಯುದ್ಧ ಬೇಕು. ಠಾಣೆದಾರನನ್ನು ಕೀಳಲು ಒಂದು ಅಪ್ಪಣೆ ಸಾಕು. ಮೊದಲ ಗೆಲವಿನ ದಿನ ಅಲ್ಬುಕರ್ಕನು ಮಾಡಿದ ನಿರ್ಧಾರದ ಅರ್ಥವು ತಿಮ್ಮೋಜನಿಗೆ ತಿಳಿದುದು ಬಹುಶಃ ಆಗಲೇ.

1511ರಲ್ಲಿ ಅಲ್ಬುಕರ್ಕನು ಮಲಾಕ್ಕಾದ ದಂಡಯಾತ್ರೆಗೆ ಹೋದನು. ಆ ಸಮಯವನ್ನೇ ನೋಡಿ ವಿಜಾಪುರದ ಸೇನಾನಿ ಪುಲಾದ್ ಖಾನನು ಹೊರಸೀಮೆಗಳ ಮೇಲೆ ಬಿದ್ದನು. ಮಲ್ಹಾರರಾಯನೂ ತಿಮ್ಮೋಜನೂ ಸೋತರು. ಸೋತವರಿಬ್ಬರೂ ವಿಜಯನಗರಕ್ಕೆ ಓಡಿದರು. ಆಗ ಅಲ್ಲಿ ಕೃಷ್ಣದೇವರಾಯನು ಪಟ್ಟವೇರಿ ಎರಡು ವರ್ಷವಾಗಿತ್ತು. ಮಲ್ಹಾರರಾಯನ ಅದೃಷ್ಟ ನೆಟ್ಟಗಿದ್ದಿತು: ಅವನು ಮರಳಿ ಬಂದು ಹೊನ್ನಾವರದ ಗದ್ದುಗೆಯನ್ನೇರಿದನು. ತಿಮ್ಮೋಜನು ಮರಳಲಿಲ್ಲ, ಸ್ವಲ್ಪಕಾಲದಲ್ಲಿಯೇ ವಿಜಯನಗರದಲ್ಲಿ ತೀರಿಕೊಂಡನು. ವಿಷವಿಕ್ಕಿ ಕೊಂದರೆಂಬ ವದಂತಿಯೂ ಉಂಟು. ಅವನ ಹೆಂಡತಿ ಮಕ್ಕಳು ಗೋವೆಗೆ ಹೋಗಿ ಪೋರ್ತುಗೀಜರ ಆಶ್ರಯದಲ್ಲಿ ನೆಲಸಿದರೆಂದು ತಿಳಿದುಬರುತ್ತದೆ.

ತಿಮ್ಮೋಜನನ್ನು ದೇಶದ್ರೋಹಿಯೆಂದು ಜರೆದವರಿದ್ದಾರೆ. ಪರತಂತ್ರವಾದ ಗೋವೆಯ ಬಿಡುಗಡೆಗೆ ಹೆಣಗಿದವನೆಂದು ಹೊಗಳಿದವರೂ ಇದ್ದಾರೆ. ಎರಡೂ ಮಾತುಗಳು ನಮ್ಮ ಕಾಲದ ಅಳತೆಗೋಲನ್ನು ಅವನ ಮೇಲಿಡುತ್ತವೆ. ಅವನು ತಿಳಿದಿದ್ದುದು ಒಂದೇ ನೀತಿ: ಮೇಲಿನವನಿಗೆ ಸಲ್ಲಬೇಕಾದುದನ್ನು ಸಲ್ಲಿಸಿದರೆ, ತನ್ನ ಸೀಮೆಯಲ್ಲಿ ತಾನು ಒಡೆಯ. ಆ ನೀತಿಗೆ ಒಪ್ಪದ ಜನರನ್ನು ಅವನು ಕರಾವಳಿಗೆ ಕರೆತಂದನು. ಅವನು ಅವರನ್ನು ಬಳಸಿಕೊಳ್ಳಬಯಸಿದನು. ಅವರು ಅವನನ್ನು ಬಳಸಿಕೊಂಡರು. ಹೊನ್ನಾವರವೂ ಅದರ ಫಲವನ್ನು ಉಂಡಿತು: 1569ರಲ್ಲಿ ಶರಾವತಿಯ ಅಳಿವೆಯ ಕೋಟೆಯ ಮೇಲೆಯೇ ಪೋರ್ತುಗೀಜರ ಬಾವುಟ ಹಾರಿತು.

ಗೋವೆಯ ರೈತನ ಪಾಲಿಗೆ ಬದಲಾದುದೇನು? 1526ರಲ್ಲಿ ಪೋರ್ತುಗೀಜರು ಹಳ್ಳಿಗಳ ರೂಢಿಗಳನ್ನೂ ಗಾಂವಕಾರರು ತೆರಬೇಕಾದ ಹಣವನ್ನೂ ಸನ್ನದಿನ ರೂಪದಲ್ಲಿ ಬರೆಯಿಸಿದರು. ಗಾಂವಕಾರರೂ ಕುಳಕರಣಿಯೂ ಮುಖ್ಯ ಠಾಣೆದಾರನೂ ಅದರಲ್ಲಿ ಹಾಗೆಯೇ ಉಳಿದರು. ಭತ್ತ ಬೆಳೆಯುವವನ ಅಂಗಳಕ್ಕೆ ಸುಗ್ಗಿಯ ಕಾಲದಲ್ಲಿ ಬರುವ ಪೇದೆಯು ಮೊದಲಿನ ಪೇದೆಯೇ. ಅವನು ಯಾರ ಹೆಸರನ್ನು ಹೇಳಿ ಕೈನೀಡುತ್ತಿದ್ದನೋ ಆ ಹೆಸರು ಮಾತ್ರ ಬೇರೆ. ಇಂದು ಹೊನ್ನಾವರದಲ್ಲಿ ಪೊಲೀಸ್ ಠಾಣೆ ಬೇರೆ, ಕಂದಾಯದ ಕಚೇರಿ ಬೇರೆ. ಠಾಣೆಯೆಂಬ ಮಾತಿನಲ್ಲಿ ವಸೂಲಿಯ ಅರ್ಥವು ಸವೆದುಹೋಗಿ ಕಾವಲಿನ ಅರ್ಥವೊಂದೇ ಉಳಿದಿದೆ.