ಗಡಿ ಗುರುತಿಸಲು ಹೋದ ಅಜಾರಾ: ಇಪ್ಪತ್ತು ವರ್ಷದ ಕಾಯುವಿಕೆ

ಎರಡು ಸಾಮ್ರಾಜ್ಯಗಳ ನಡುವಿನ ಗಡಿಯನ್ನು ಅಳೆದು ಗುರುತಿಸಬೇಕೆಂಬ ಆದೇಶ ಹೊತ್ತು 1781ರಲ್ಲಿ ಸ್ಪೇನಿನ ಸೇನಾ ಎಂಜಿನಿಯರ್ ಒಬ್ಬರು ದಕ್ಷಿಣ ಅಮೆರಿಕಕ್ಕೆ ಹಡಗು ಹತ್ತಿದರು. ಕೆಲಸ ಮುಗಿಸಲು ನೆರೆಯ ಪೋರ್ಚುಗೀಸ್ ಅಧಿಕಾರಿಗಳೂ ಬಂದು ಸೇರಬೇಕಿತ್ತು. ಅವರು ಬರಲೇ ಇಲ್ಲ. ಸ್ವದೇಶಕ್ಕೆ ಮರಳಲು ಆ ಎಂಜಿನಿಯರ್‌ಗೆ ಇಪ್ಪತ್ತು ವರ್ಷಗಳೇ ಹಿಡಿದವು. ಗಡಿಗಲ್ಲು ನೆಡಲಾಗದ ಆ ಅವಧಿಯಲ್ಲಿ ಅವರು ಒಂದು ನಾಡಿನ ನಕ್ಷೆ ಬರೆದರು, ನೂರಾರು ಹಕ್ಕಿಗಳನ್ನು ಲೋಕಕ್ಕೆ ಪರಿಚಯಿಸಿದರು. ಅವರೇ ಫೆಲಿಕ್ಸ್ ದೆ ಅಜಾರಾ.

1742ರಲ್ಲಿ ಸ್ಪೇನಿನ ಅರಗಾನ್ ಪ್ರಾಂತ್ಯದ ಬಾರ್ಬುನ್ಯಾಲೆಸ್ ಎಂಬ ಹಳ್ಳಿಯಲ್ಲಿ ಜನಿಸಿದ ಅಜಾರಾ, ಹುಯೆಸ್ಕಾದಲ್ಲಿ ವ್ಯಾಸಂಗ ಮಾಡಿ ಬಾರ್ಸಿಲೋನಾದಲ್ಲಿ ಸೇನಾ ತರಬೇತಿ ಪಡೆದರು. 1775ರಲ್ಲಿ ಅಲ್ಜೀರ್ಸ್ ಮೇಲೆ ಸ್ಪೇನ್ ನಡೆಸಿದ ವಿಫಲ ದಾಳಿಯಲ್ಲಿ ತೀವ್ರವಾಗಿ ಗಾಯಗೊಂಡ ಅವರನ್ನು ಜೊತೆಯವರು ಸತ್ತರೆಂದೇ ಭಾವಿಸಿದ್ದರು. ಸಾವಿನ ದವಡೆಯಿಂದ ಪಾರಾದ ಈ ಅಧಿಕಾರಿಯನ್ನು ಆರು ವರ್ಷಗಳ ನಂತರ ಸರ್ಕಾರ ಗಡಿ ಆಯೋಗಕ್ಕೆ ನೇಮಿಸಿತು.

ಗಡಿಯ ಜಗಳ ಆಗಲೇ ಮೂರು ಶತಮಾನ ಹಳೆಯದು. 1494ರ ಟೋರ್ಡೆಸಿಲ್ಲಾಸ್ ಒಪ್ಪಂದದಲ್ಲಿ ಸ್ಪೇನ್ ಮತ್ತು ಪೋರ್ಚುಗಲ್ ಕಾಣದ ಭೂಮಿಯನ್ನು ಒಂದೇ ಗೆರೆಯಿಂದ ಹಂಚಿಕೊಂಡಿದ್ದವು. ಬ್ರೆಜಿಲ್‌ನ ಪೋರ್ಚುಗೀಸರು ಆ ಗೆರೆಯನ್ನು ದಾಟಿ ಪಶ್ಚಿಮಕ್ಕೆ ಬಹುದೂರ ನಡೆದಿದ್ದರು. 1750ರ ಮ್ಯಾಡ್ರಿಡ್ ಒಪ್ಪಂದವು ಉರುಗ್ವೆ ನದಿಯ ಪೂರ್ವದ ಏಳು ಜೆಸ್ಯೂಟ್ ನೆಲೆಗಳನ್ನು ಪೋರ್ಚುಗಲ್‌ಗೆ ಒಪ್ಪಿಸಿತು. ಅಲ್ಲಿ ವಾಸವಿದ್ದ ಗ್ವಾರಾನಿ ಜನರು ತಮ್ಮ ಮನೆಮಠ ಬಿಡಲೊಪ್ಪದೆ ಹೋರಾಡಿದಾಗ ಎರಡೂ ಸೇನೆಗಳು ಒಂದಾಗಿ 1756ರಲ್ಲಿ ಅವರನ್ನು ದಮನ ಮಾಡಿದವು. ಇಷ್ಟು ರಕ್ತ ಹರಿದ ಮೇಲೆ, 1761ರಲ್ಲಿ ಆ ಒಪ್ಪಂದವನ್ನೇ ರದ್ದುಪಡಿಸಲಾಯಿತು. ಬಳಿಕ 1777ರಲ್ಲಿ ಸ್ಯಾನ್ ಇಲ್ದೆಫಾನ್ಸೊದಲ್ಲಿ ಹೊಸ ಒಪ್ಪಂದವಾಯಿತು. ಅದರ ಗೆರೆಯನ್ನು ನೆಲದ ಮೇಲೆ ಗುರುತಿಸುವುದೇ ಅಜಾರಾ ಅವರಿಗೆ ವಹಿಸಿದ ಹೊಣೆ.

1784ರಲ್ಲಿ ಅವರು ಪರಾಗ್ವೆಯ ಅಸುನ್ಸಿಯಾನ್ ತಲುಪಿದರು. ಒಪ್ಪಂದ ಹೆಸರಿಸಿದ್ದ ಇಗುರೆಯ್ ನದಿ ಯಾವುದೆಂಬುದೇ ಅಲ್ಲಿ ತಕರಾರಾಗಿತ್ತು. ಕಾಗದದ ಮೇಲಿದ್ದ ನದಿಯನ್ನು ಕಾಡಿನಲ್ಲಿ ಪತ್ತೆಹಚ್ಚುವುದು ಸುಲಭವಿರಲಿಲ್ಲ. ಅತ್ತ ಪೋರ್ಚುಗೀಸರಿಗೆ ಆತುರವೂ ಇರಲಿಲ್ಲ. ಗಡಿ ನಿಗದಿಯಾಗದಷ್ಟು ಕಾಲ ಆಕ್ರಮಿಸಿದ ನೆಲ ಅವರದಾಗಿಯೇ ಉಳಿಯುತ್ತಿತ್ತು. ಪರಾಗ್ವೆ ನದಿಯ ದಂಡೆಯಲ್ಲಿ 1775ರಲ್ಲೇ ಅವರು ಕೋಯಿಂಬ್ರಾ ಕೋಟೆ ಕಟ್ಟಿದ್ದರು. ಈ ವಿಳಂಬದ ಹಿಂದಿನ ಲೆಕ್ಕಾಚಾರ ಅಜಾರಾ ಅವರಿಗೆ ಬೇಗನೆ ಅರ್ಥವಾಯಿತು. ಮೇಲಧಿಕಾರಿಗಳಿಗೆ ಬರೆದದ್ದಷ್ಟೇ ಬಂತು, ಫಲ ಕಾಣಲಿಲ್ಲ.

ಕೈಕಟ್ಟಿ ಕೂರುವ ಜಾಯಮಾನ ಅವರದಲ್ಲ. ಕುದುರೆಯೇರಿ ಪ್ರಾಂತ್ಯವನ್ನೆಲ್ಲ ಸುತ್ತಿ ಅಕ್ಷಾಂಶಗಳನ್ನು ಅಳೆದರು, ನಕ್ಷೆ ಸಿದ್ಧಪಡಿಸಿದರು. ದಾರಿಯಲ್ಲಿ ಕಂಡ ಪ್ರಾಣಿಪಕ್ಷಿಗಳ ವಿವರ ದಾಖಲಿಸತೊಡಗಿದರು. ಜೀವವಿಜ್ಞಾನದ ಶಿಕ್ಷಣ ಅವರಿಗೆ ಇರಲಿಲ್ಲ, ಗ್ರಂಥಾಲಯವೂ ಇರಲಿಲ್ಲ. ಪ್ರತಿಯೊಂದು ಹಕ್ಕಿಯನ್ನೂ ಅಳೆದು, ಬಣ್ಣ ಮತ್ತು ನಡವಳಿಕೆ ಬರೆದುಕೊಂಡರು. ಹಲವಕ್ಕೆ ಗ್ವಾರಾನಿ ಜನರಿಟ್ಟ ಹೆಸರುಗಳನ್ನೇ ಉಳಿಸಿಕೊಂಡರು. ಫ್ರಾನ್ಸಿನ ವಿಖ್ಯಾತ ವಿಜ್ಞಾನಿ ಬಫನ್ ಅವರ ಗ್ರಂಥ ತಡವಾಗಿ ಕೈಸೇರಿದಾಗ, ಅದರಲ್ಲಿದ್ದ ತಪ್ಪುಗಳನ್ನು ಎತ್ತಿ ತೋರಿಸಲು ಈ ಗಡಿ ಅಧಿಕಾರಿ ಹಿಂಜರಿಯಲಿಲ್ಲ.

1796ರಲ್ಲಿ ಅವರು ಅಸುನ್ಸಿಯಾನ್ ತೊರೆದರು. ಪೋರ್ಚುಗೀಸರ ಮುನ್ನಡೆಗೆ ಜನವಸತಿಯೇ ತಡೆಗೋಡೆಯೆಂದು ನಂಬಿದ್ದ ಅವರಿಗೆ ವೈಸ್‌ರಾಯ್ ಅವಿಲೆಸ್ ಗಡಿಯಲ್ಲಿ ಹೊಸ ಊರುಗಳನ್ನು ಕಟ್ಟುವ ಕೆಲಸ ವಹಿಸಿದರು. 1800ರಲ್ಲಿ ಸ್ಯಾನ್ ಗಾಬ್ರಿಯೆಲ್ ದೆ ಬಟೋವಿ ಸ್ಥಾಪನೆಯಾಯಿತು. ವಲಸೆ ಬಂದ ಬಡ ಕುಟುಂಬಗಳಿಗೆ ಭೂಮಿ ಹಂಚಲಾಯಿತು. ಈ ಕಾರ್ಯದಲ್ಲಿ ನೆರವಾದ ಅಧಿಕಾರಿ ಹೊಸೆ ಅರ್ತಿಗಾಸ್ ಮುಂದೆ ಉರುಗ್ವೆಯ ರಾಷ್ಟ್ರನಾಯಕರೆನಿಸಿದರು. 1815ರಲ್ಲಿ ಅವರು ಹೊರಡಿಸಿದ ಭೂ ಹಂಚಿಕೆ ನಿಯಮದಲ್ಲಿ ಬಟೋವಿಯ ಅನುಭವದ ನೆರಳಿದೆ. ಆದರೆ ಹಂಚಿದ ಆ ಬಯಲು ಬರಿದಾಗಿರಲಿಲ್ಲ. ಚರ್ರುವಾ ಮತ್ತು ಮಿನುವಾನೆ ಮೂಲನಿವಾಸಿಗಳು ಸಂಚರಿಸುತ್ತಿದ್ದ ನೆಲ ಅದು. ಹಕ್ಕಿಗಳನ್ನು ತಾಳ್ಮೆಯಿಂದ ಗಮನಿಸಿದ ಅಜಾರಾ, ಈ ಜನರ ಹಕ್ಕಿನ ಬಗ್ಗೆ ಅದೇ ತಾಳ್ಮೆ ತೋರಲಿಲ್ಲ.

1801ರಲ್ಲಿ ಯೂರೋಪಿನಲ್ಲಿ ಸ್ಪೇನ್ ಮತ್ತು ಪೋರ್ಚುಗಲ್ ನಡುವೆ ಅಲ್ಪಕಾಲದ ಯುದ್ಧ ನಡೆಯಿತು. ಅದರ ಸುದ್ದಿ ತಲುಪುತ್ತಲೇ ಪೋರ್ಚುಗೀಸರು ಬಟೋವಿಯನ್ನೂ ಏಳು ಜೆಸ್ಯೂಟ್ ನೆಲೆಗಳನ್ನೂ ವಶಪಡಿಸಿಕೊಂಡರು. ಶಾಂತಿ ಒಪ್ಪಂದವಾದ ಮೇಲೂ ಅವು ಸ್ಪೇನಿಗೆ ಮರಳಲಿಲ್ಲ. ಅಜಾರಾ ತಾಯ್ನಾಡಿಗೆ ಮರಳಿದ್ದೂ ಅದೇ ವರ್ಷ. ಬಟೋವಿಯ ಹೆಸರು ಹೊತ್ತ ಸಾವೊ ಗಾಬ್ರಿಯೆಲ್ ನಗರ ಇಂದು ಬ್ರೆಜಿಲ್‌ನಲ್ಲಿದೆ.

ಗಡಿ ಕೈಬಿಟ್ಟರೂ ಬರಹ ಕೈಬಿಡಲಿಲ್ಲ. ಚತುಷ್ಪಾದಿಗಳ ಕುರಿತ ಅವರ ಗ್ರಂಥ 1801ರಲ್ಲಿ ಪ್ಯಾರಿಸ್‌ನಲ್ಲಿ ಫ್ರೆಂಚ್ ಭಾಷೆಯಲ್ಲಿ, ಮರುವರ್ಷ ಮ್ಯಾಡ್ರಿಡ್‌ನಲ್ಲಿ ಸ್ಪ್ಯಾನಿಷ್‌ನಲ್ಲಿ ಹೊರಬಂತು. 448 ವಿವರಣೆಗಳುಳ್ಳ ಪಕ್ಷಿ ಸಂಪುಟಗಳು 1802ರಿಂದ 1805ರ ನಡುವೆ, ಪ್ರವಾಸ ಕಥನ 1809ರಲ್ಲಿ ಪ್ರಕಟವಾದವು. ಅವರ ವಿವರಣೆಗಳನ್ನೇ ಆಧರಿಸಿ ಫ್ರೆಂಚ್ ಪಕ್ಷಿತಜ್ಞ ವಿಯೆಯೊ ಅನೇಕ ಹಕ್ಕಿಗಳಿಗೆ ವೈಜ್ಞಾನಿಕ ಹೆಸರಿಟ್ಟರು. ಬಯಲಿನಲ್ಲಿ ಬದುಕುವ ಮರಕುಟಿಗದ ಬಗ್ಗೆ ವಾದಿಸುವಾಗ ಚಾರ್ಲ್ಸ್ ಡಾರ್ವಿನ್ ನೆರವಿಗೆ ಕರೆದದ್ದೂ ಅಜಾರಾ ಅವರ ಸಾಕ್ಷ್ಯವನ್ನೇ. 1805ರಲ್ಲಿ ಮಹಾನ್ ಚಿತ್ರಕಾರ ಗೋಯಾ ಅವರ ಭಾವಚಿತ್ರ ಬಿಡಿಸಿದರು.

ಕೊನೆಯ ವರ್ಷಗಳನ್ನು ಹುಟ್ಟಿದ ಸೀಮೆಯಲ್ಲೇ ಕಳೆದ ಅಜಾರಾ, 1821ರ ಅಕ್ಟೋಬರ್‌ನಲ್ಲಿ ಹುಯೆಸ್ಕಾದಲ್ಲಿ ಕೊನೆಯುಸಿರೆಳೆದರು. ಅದೇ ವರ್ಷದ ಹೊತ್ತಿಗೆ ಅವರು ಕಾಯ್ದಿದ್ದ ಪರಾಗ್ವೆ ಸ್ಪೇನಿನ ಕೈತಪ್ಪಿ ಹತ್ತು ವರ್ಷಗಳಾಗಿದ್ದವು. ಯಾವ ಗಡಿಗಾಗಿ ಅವರು ಇಪ್ಪತ್ತು ವರ್ಷ ಸವೆಸಿದರೋ ಆ ಗಡಿಯ ಒಡೆಯರೇ ಬದಲಾಗಿದ್ದರು. ದಕ್ಷಿಣ ಅಮೆರಿಕದ ಕಾಡುಗಳಲ್ಲಿ ಇಂದಿಗೂ ಇರುಳಲ್ಲಿ ಸಂಚರಿಸುವ ಒಂದು ಪುಟ್ಟ ಕೋತಿಯ ವೈಜ್ಞಾನಿಕ ಹೆಸರಿನಲ್ಲಿ ಅಜಾರಾ ಉಳಿದಿದ್ದಾರೆ. ಅದು ಯಾವ ದೇಶದ ಗಡಿಯನ್ನೂ ಅರಿಯದ ಜೀವಿ.