ಮಹಾವೀರಾಚಾರ್ಯರು: ಗುಣಾಕಾರವೆಂಬ ಒರೆಗಲ್ಲು

ಕ್ರಿಸ್ತಶಕ ಒಂಬತ್ತನೆಯ ಶತಮಾನದಲ್ಲಿ ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನು ಮಾನ್ಯಖೇಟದಿಂದ ಕನ್ನಡ ನಾಡನ್ನು ಆಳುತ್ತಿದ್ದನು. ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡವೇ ಆ ರಾಜಧಾನಿ. ಕವಿರಾಜಮಾರ್ಗವು ಹುಟ್ಟಿದ ಆ ಕಾಲದಲ್ಲಿಯೇ, ಸುಮಾರು 850ರಲ್ಲಿ, ಜೈನ ವಿದ್ವಾಂಸರಾದ ಮಹಾವೀರಾಚಾರ್ಯರು ಗಣಿತಸಾರಸಂಗ್ರಹವೆಂಬ ಸಂಸ್ಕೃತ ಗ್ರಂಥವನ್ನು ರಚಿಸಿದರು. ಅದರ ಆರಂಭದಲ್ಲಿ ನೃಪತುಂಗನನ್ನು ಕೊಂಡಾಡಿ, ಸಂಗೀತ, ನಾಟ್ಯ, ವೈದ್ಯ, ವಾಸ್ತು, ಅಡುಗೆ ಇವೆಲ್ಲಕ್ಕೂ ಗಣಿತವೇ ಆಧಾರವೆಂದು ಸಾರಿದರು.

ಆಚಾರ್ಯರಿಗೆ ಗುಣಾಕಾರವು ಶುಷ್ಕ ವಿಷಯವಾಗಿರಲಿಲ್ಲ. 139ನ್ನು 109ರಿಂದ ಗುಣಿಸಿದರೆ 15151 ಬರುತ್ತದೆ. 152207ನ್ನು 73ರಿಂದ ಗುಣಿಸಿದರೆ 11111111 ಬರುತ್ತದೆ. ಎಡದಿಂದಲೂ ಬಲದಿಂದಲೂ ಒಂದೇ ಆಗಿ ಓದಿಸಿಕೊಳ್ಳುವ ಇಂತಹ ಗುಣಲಬ್ಧಗಳನ್ನು ಅವರು ಕೊರಳ ಹಾರಗಳಂತೆ ಕಂಡು ಶಿಷ್ಯರ ಮುಂದಿಟ್ಟರು.

ಋಣಸಂಖ್ಯೆಗೆ ವರ್ಗಮೂಲವುಂಟೇ ಎಂಬ ಪ್ರಶ್ನೆಯನ್ನೂ ಅವರು ಗುಣಾಕಾರದಿಂದಲೇ ಬಿಡಿಸಿದರು. ಧನವನ್ನು ಧನದಿಂದ ಗುಣಿಸಿದರೂ, ಋಣವನ್ನು ಋಣದಿಂದ ಗುಣಿಸಿದರೂ ಬರುವುದು ಧನವೇ. ಆದುದರಿಂದ ಋಣಸಂಖ್ಯೆಯು ಯಾವುದರ ವರ್ಗವೂ ಆಗಲಾರದು, ಅದಕ್ಕೆ ವರ್ಗಮೂಲವಿಲ್ಲ ಎಂದು ಸ್ಪಷ್ಟವಾಗಿ ನಿರ್ಣಯಿಸಿದರು.

ಇಂತಹ ಸೂಕ್ಷ್ಮಮತಿಯೂ ಸೊನ್ನೆಯ ಬಳಿ ಒಮ್ಮೆ ಎಡವಿತು. ಸೊನ್ನೆಯನ್ನು ಕೂಡಿದರೂ ಕಳೆದರೂ ಸಂಖ್ಯೆಯು ಬದಲಾಗದು. ಸೊನ್ನೆಯಿಂದ ಗುಣಿಸಿದರೆ ಸೊನ್ನೆಯೇ ಆಗುವುದು. ಇಷ್ಟನ್ನು ಸರಿಯಾಗಿ ಹೇಳಿದ ಅವರು, ಸೊನ್ನೆಯಿಂದ ಭಾಗಿಸಿದರೂ ಸಂಖ್ಯೆಯು ಬದಲಾಗದೆಂದು ಅದೇ ಶ್ಲೋಕದಲ್ಲಿ ಸೇರಿಸಿದರು. ಒಂದೇ ಉದಾಹರಣೆಯಿಂದ ಇದನ್ನು ಒರೆಗೆ ಹಚ್ಚೋಣ. 12ನ್ನು 4ರಿಂದ ಭಾಗಿಸಿದರೆ 3. ಆ 3ನ್ನು 4ರಿಂದ ಗುಣಿಸಿದರೆ ಮತ್ತೆ 12 ಸಿಗುತ್ತದೆ. 12ನ್ನು ಸೊನ್ನೆಯಿಂದ ಭಾಗಿಸಿದಾಗ 12 ಎನ್ನುವುದಾದರೆ, ಆ 12ನ್ನು ಸೊನ್ನೆಯಿಂದ ಗುಣಿಸಿದಾಗ 12 ಮರಳಬೇಕು. ಆಚಾರ್ಯರ ನಿಯಮದಂತೆಯೇ ಮರಳುವುದು ಸೊನ್ನೆ. ಅವರ ಒಂದು ಮಾತನ್ನು ಅವರದೇ ಇನ್ನೊಂದು ಮಾತು ತಿದ್ದುತ್ತದೆ.

ಮುಂದೆ 1114ರಲ್ಲಿ ಜನಿಸಿದ ಭಾಸ್ಕರಾಚಾರ್ಯರು ಇಂತಹ ಭಾಗಲಬ್ಧವನ್ನು ಅನಂತವೆಂದು ಬಗೆದರು. ಇಂದಿನ ಗಣಿತವು ಸೊನ್ನೆಯಿಂದ ಭಾಗಿಸುವುದನ್ನೇ ಒಪ್ಪುವುದಿಲ್ಲ.

ಆ ಒಂದು ತಪ್ಪಿನಿಂದ ಗ್ರಂಥದ ಗೌರವವು ಕುಂದಲಿಲ್ಲ. ಹನ್ನೊಂದನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನನು ಅದನ್ನು ತೆಲುಗಿಗೆ ತಂದನು. ಕನ್ನಡ ಲಿಪಿಯ ಹಸ್ತಪ್ರತಿಗಳಲ್ಲಿಯೂ ಉಳಿದುಬಂದ ಆ ಕೃತಿಯನ್ನು 1912ರಲ್ಲಿ ಪ್ರೊ. ಎಂ. ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಡನೆ ಮದರಾಸಿನಲ್ಲಿ ಪ್ರಕಟಿಸಿದರು.

ಸೂಲೂರು ಮೊದಲಾದ ಕೊಯಮತ್ತೂರು ಸೀಮೆಯ ಊರುಗಳಲ್ಲಿ ಕನ್ನಡವನ್ನು ಮನೆಮಾತಾಗಿ ಉಳಿಸಿಕೊಂಡ ನೇಕಾರ ಮನೆತನಗಳಿಗೆ ಈ ಪಾಠವು ಹೊಸದಲ್ಲ. ಹಾಸಿನಲ್ಲಿ ಒಂದೆಳೆ ತಪ್ಪಿದರೂ ಬಟ್ಟೆಯು ಅದನ್ನು ತೋರಿಸಿಕೊಡುತ್ತದೆ. ನೂರು ಲೆಕ್ಕಗಳು ಹೊಂದಿಕೊಂಡ ಮಾತ್ರಕ್ಕೆ ನಿಯಮವು ಸಿದ್ಧವಾಗದು. ಹೊಂದದ ಒಂದೇ ಲೆಕ್ಕವು ಅದನ್ನು ಬೀಳಿಸಬಲ್ಲುದು. ಗುರುವಿನ ಮಾತನ್ನು ಹೀಗೆ ಪರೀಕ್ಷಿಸುವ ವಿದ್ಯಾರ್ಥಿಯು ಗುರುದ್ರೋಹಿಯಲ್ಲ. ಗುರುವು ಕಲಿಸಿದ ಗುಣಾಕಾರವನ್ನೇ ಅವನು ನಂಬಿದ್ದಾನೆ.